ಪಾವತಿ

ನಮ್ಮ ಮಾತಿನಾಗ ಪಾವತಿ ಅಂದ್ರ ರೊಕ್ಕ ಕೊಡೂದು.
ಸೊಲ್ಲಾಪುರದ ಪ್ಯಾಟ್ಯಾಗ, ಮರಾಠಿಯವರಿಗೆ,
ಕೊಟ್ಟದ್ದಕ್ಕ ಸಿಗೂ ಚೀಟಿ.
ಎರಡೂ ಒಂದ ಅಂತ ತಿಳದು
ಇಪ್ಪತ್ತು ವರ್ಷ ಕಡಕ್ ರೊಟ್ಟಿ ಮಾರಿದಾಕಿ ನಾನು.

ಜುಲೈ ಇಪ್ಪತ್ತೆಂಟು. ಟ್ಯಾಕ್ಸಿನ ವಕೀಲರು ಬೋರಾಮಣಿಕರ
ಚಷ್ಮಾ ಹಣಿಗೇರಿಸಿ ಕಂಪ್ಯೂಟರ್ ನನ್ನ ಕಡೆ ತಿರುಗಿಸಿದರು:
"ಸುಗಲಾತಾಯಿ, ಮಾರ್ಚಿನಾಗ ತುಂಬೇನಿ ಅಂತೀರಿ,
ಏಳು ಸಾವಿರದ ಎರಡುನೂರು.
ಸರಕಾರದ ಪಟ್ಟ್ಯಾಗ ಇಲ್ಲಲ್ಲ."
ಪುಣೆಯ ಕ್ಯಾಂಟೀನಿನವರು ಬಿಲ್ಲಿನಾಗ ಮುರಕೊಂಡ ತೆರಿಗಿ
ಪೈಸಾಕ್ಕ ಪೈಸಾ ಅಲ್ಲಿ ಕುಂತದ.
ನಾ ಕೈಯಾರ ಎಣಿಸಿ ಕೊಟ್ಟದ್ದು ಇಲ್ಲ.

"ಚಲನಿನ ಪ್ರತಿ ತರ್ರಿ. ಏಳಂಕಿ ಬ್ಯಾಂಕಿನ ಗುರುತು,
ತಾರೀಖು, ಐದಂಕಿ ನಂಬರು. ಇವು ಸಿಕ್ಕರ
ಎಲ್ಲಿ ಸಿಗಿಬಿದ್ದದ ಅಂತ ನೋಡಬಹುದು.
ಇನ್ನ ಮೂರ ದಿನ.
ಇಲ್ಲಂದ್ರ ಮತ್ತೊಮ್ಮೆ ತುಂಬ್ರಿ."
ಮತ್ತೊಮ್ಮೆ!
ಎರಡು ಕ್ವಿಂಟಲ್ ಮಾಲದಂಡಿ ಜೋಳ ಅದು.

ಹಿಟ್ಟಿನ ಡಬ್ಬಿ ಇಡೂ ಹಲಗಿ ನೋಡಿದೆ.
ಲಗ್ನಪತ್ರಿಕಿಯ ಗಂಟು ಬಿಚ್ಚಿದೆ; ಅದರಾಗಿನ
ಅರ್ಧ ಮಂದಿಗೆ ಈಗ ಮೊಮ್ಮಕ್ಕಳದಾರ.
ತಂತಿಗೆ ಚುಚ್ಚಿದ ಲೈಟ್ ಬಿಲ್ಲು ಒಂದೊಂದ ಕಿತ್ತಿದೆ.
ಗ್ಯಾಸಿನ ಪುಸ್ತಕ, ದವಾಖಾನಿ ಚೀಟಿ, ಗಿರಣಿಯವನ ಬಾಕಿ,
ನಮ್ಮನಿಯವರ ಮಿಲ್ಲಿನ ಹಾಜರಿ ಪಾಸು
(ಆ ಮಿಲ್ಲು ಮುಚ್ಚಿ ಎಷ್ಟು ದೀಪಾವಳಿ ಆದವೋ)
ಹುಡುಕಿದ್ದೊಂದು ಬಿಟ್ಟು ಎಲ್ಲಾ ಸಿಕ್ಕಿತು.
ರೊಟ್ಟಿ ಬಡಿಯೂ ಹೆಣ್ಮಕ್ಕಳು ಏಳೂ ಮಂದಿ
ಕೈ ನಿಲ್ಲಿಸಿ ನನ್ನ ಮಾರಿ ನೋಡಿದರು.
ನಿಲ್ಲಸಬ್ಯಾಡ್ರೇ, ನಾಳೆ ಪುಣೆಗೆ ಆರನೂರು ಹೋಗಬೇಕು.

ಮರುದಿನ ಪ್ಯಾಕಿಂಗಿನ ಹೊತ್ತಿನಾಗ
ತಬಸುಮ ಕಾಟಾ ಒರಸಾಕ ಎತ್ತಿದಳು.
"ಮೌಶಿ, ಇದರ ಕಾಲಡಿ ಏನೋ ಕಾಗದ."
ನಾಕು ಮಡಿಕಿ. ಮ್ಯಾಲ ಹಿಟ್ಟು. ಒಳಗ ನೀಲಿ ಶಿಕ್ಕಾ.
ಕಾಟಾ ವಾಲತದ ಅಂತ ನಾನ ಇಟ್ಟದ್ದು.
ಬ್ಯಾಂಕಿನಿಂದ ಬಂದಾಗ ಕೈಯಾಗ ಅದ ಇತ್ತು, ಅದನ್ನ ಇಟ್ಟೆ.
ನಾಕು ತಿಂಗಳು ಸರಕಾರದ ಶಿಕ್ಕಾದ ಮ್ಯಾಲ ನಿಂತು
ನನ್ನ ರೊಟ್ಟಿ ತೂಗಿಕೊಂಡವು,
ಒಂದು ಗ್ರಾಂ ಆಕಡಿ ಈಕಡಿ ಇಲ್ಲದ.
ಈಗ ಅಲ್ಲಿ ಯಾರದೋ ಲಗ್ನಪತ್ರಿಕಿ ಅದ.

ಬೋರಾಮಣಿಕರ ಬೆರಳು ಒಂದು ಅಕ್ಷರದ ಮ್ಯಾಲ ನಿಂತಿತು.
ಪ್ಯಾನ್ ನಂಬರಿನಾಗ ಡಿ ಇರೂ ಕಡೆ ಬಿ.
ಗಾಜಿನ ಆಚೆ ಕುಂತಾವಗ ನಾ ಬಾಯಿಲೆ ಹೇಳಿದ್ದೆ,
ಹಿಂದ ಮಾರ್ಚಿನ ಸಾಲು, ಮ್ಯಾಲ ಫ್ಯಾನಿನ ಗರಗರ.
ನನ್ನ ಡಿ ಅಂವಗ ಬಿ ಆತು.
ನಾನರ ಓದಿದೆನೇನು? ಶಿಕ್ಕಾ ನೋಡಿದೆ, ಮಡಚಿದೆ.

ಅಂದ್ರ ರೊಕ್ಕ ಕಳದಿಲ್ಲ.
ಯಾರದೋ ಹೆಸರಿನಾಗ ಕುಂತದ.
ಬಿ ಅಕ್ಷರದ ಆ ಮನಷ್ಯಾ ಎಲ್ಲಿಯಾಂವೋ,
ಸಾಂಗಲಿಯೋ, ಸೂರತ್ತೋ, ಹೆಸರು ಹೇಳೂ ಹಂಗಿಲ್ಲಂತ.
ಅಂವನೂ ಈ ವಾರ ಯಾರದೋ ಆಫೀಸಿನಾಗ
ಪಟ್ಟಿ ನೋಡತಿರಬೇಕು:
ಇದನ್ನ ಯಾವಾಗ ತುಂಬಿದೆ ನಾನು?
ಸೊಲ್ಲಾಪುರಕ್ಕ ಎಂದ ಹೋಗಿದ್ದೆ?
ಹೆಂಡತಿನ ಕೇಳತಿರಬೇಕು. ಆಕಿ ಅಂವನ್ನ
ಬ್ಯಾರೆ ಏನೋ ಕೇಳತಿರಬೇಕು.
ಕೊಟ್ಟ ರೊಕ್ಕಕ್ಕ ನಾ ಕಾಗದ ಹುಡಿಕಿಧಂಗ
ಕೊಡದ ರೊಕ್ಕಕ್ಕ ಅಂವ ಹುಡುಕತಾನ.
ಒಳ್ಳೆಯಾಂವ ಇದ್ರ ನಿದ್ದಿ ಬರೂದಿಲ್ಲ.
ಇಲ್ಲಂದ್ರ ಬರ್ತದ,
ಏಳು ಸಾವಿರದ ಎರಡುನೂರು ರೂಪಾಯಿಯ ನಿದ್ದಿ.

ತಿದ್ದುಪಡಿ ಅರ್ಜಿ ತೆರಿಗಿ ಆಫೀಸಿಗೆ ನಾನ ಒಯ್ದೆ.
ನಾ ಕನ್ನಡದಾಗ ನೆನಸಿ, ಮರಾಠಿಯೊಳಗ ಹೇಳಿ,
ವಕೀಲರು ಇಂಗ್ಲಿಷಿನಾಗ ಟೈಪ್ ಮಾಡಿದ್ದು.
ಕಿಡಕಿಯಾಗಿನ ಗುಮಾಸ್ತಗ ಬೆರಳಿಟ್ಟು ಓದಿಸಿದೆ:
ಡಬ್ಬಿಯ ಡಿ. ಭಾಕರಿಯ ಬಿ ಅಲ್ಲ.
ಅಂವ ನಕ್ಕ. ರಾಶಿಯ ಮ್ಯಾಲ ಒಗದ.
"ಝಾಲಂ ತಾಯಿ, ಜಾ ಆತಾ."

ನಾ ಹೋಗಲಿಲ್ಲ.
ಕಿಡಕಿಯೊಳಗ ಕೈ ಚಾಚಿ
ಅಂವನ ಭಾಷಾದ ಅರ್ಥದಾಗ ಕೇಳಿದೆ:
ಪಾವತಿ?