ತಂಗುಪ್ಪು

ಅರಾಲ್ ಕಡಲು ಬಿಟ್ಟುಹೋದ ತಳದಲ್ಲಿ
ಉಪ್ಪಿನ ಕೆಳಗೆ ಇನ್ನೊಂದು ಉಪ್ಪು, ಬೂದು ಬಣ್ಣದ್ದು.
ಚಿಟಿಕೆ ನಾಲಗೆಗಿಟ್ಟರೆ
ನಿಮಿಷವೊಂದು ಕದ ತೆರೆದು
ಇಡೀ ಮಧ್ಯಾಹ್ನವನ್ನು ಒಳಗೆ ಕರೆದು ಕೂರಿಸುತ್ತದೆ.

ಸೂಲಗಿತ್ತಿಗೆ ತಿಂಗಳಿಗೆ ಎರಡು ಚಿಟಿಕೆ, ರೇಷನ್ನಿನಲ್ಲಿ.
ವಧುವಿನ ಮನೆಗೆ ವರನ ಕಡೆಯವರು ಅರ್ಧ ತೊಲ ತೂಗಬೇಕು.
ಪರೀಕ್ಷೆಯ ದಿನ ಹುಡುಗರ ಬಾಯಿ ತೊಳೆಸುತ್ತಾರೆ ಮೇಷ್ಟ್ರು.
ಗಲ್ಲಿಗೇರುವವನಿಗೂ ಒಂದು ಚಿಟಿಕೆ ಇದೆ, ಕೇಳಿದರೆ.
ಈವರೆಗೆ ಯಾರೂ ಕೇಳಿಲ್ಲ.

ತಕ್ಕಡಿ ಕೆಲಸ ನನ್ನ ತಂಗಿ ಉಲ್‌ಬೋಸಿನ್‌ಳದು.
(ಮುಂದಿನದು ಗಂಡಾಗಲಿ ಎಂದು ಇಟ್ಟ ಹೆಸರು; ಆಗಲಿಲ್ಲ.)
ತೂಗಿದ್ದು ಊರಿಗೆ. ಹಾರಿದ ಧೂಳು
ಅವಳ ಹುಬ್ಬಿಗೆ, ತುಟಿಗೆ.
ಒಂಬತ್ತು ವರ್ಷದ ನೌಕರಿ ಎನ್ನುತ್ತದೆ ದಫ್ತರ,
ಅವಳ ಮೊಣಕಾಲು ನಲವತ್ತು ಎನ್ನುತ್ತದೆ.

ನಿನ್ನೆ ಬಸ್ಸಿನಲ್ಲಿ ಹುಡುಗನೊಬ್ಬ ಎದ್ದು
"ಕೂತ್ಕೊಳ್ಳಿ ಅಜ್ಜಿ" ಎಂದ. ಕೂತಳು.
ಅವಳಿಗೆ ಜಡೆ ಹೆಣೆದು ಬೆಳೆಸಿದ ನಾನು
ಕಂಬಿ ಹಿಡಿದು ನಿಂತೇ ಬಂದೆ.

ಉಪ್ಪು ತಿಂದವರು ನೀರು ಕುಡಿಯಬೇಕಂತೆ.
ನೀರೆಲ್ಲಿ? ಮರಳಲ್ಲಿ ತುಕ್ಕು ಹಿಡಿದ ಹಡಗು,
ಅದರ ನೆರಳಿಗೆ ಮಲಗಿದ ಒಂಟೆ.
ತಿಂದವರು ಯಾರೋ,
ಬಾಯಾರಿದ್ದು ಇವಳಿಗೆ.

"ಅಷ್ಟೂ ಹೊತ್ತು ಅದರೊಳಗೆ ಏನು ಮಾಡ್ತಿದ್ದೆ?"
ಚಹಾ ಆರಿಸುತ್ತ ಅಂದಳು:
"ಏನಿಲ್ಲ. ತಕ್ಕಡಿಯ ಮುಳ್ಳು ನಿಲ್ಲಲಿ ಅಂತ ಕಾಯ್ತಿದ್ದೆ.
ಗೊತ್ತಾ, ಅದು ಪೂರ್ತಿ ನಿಲ್ಲೋದೇ ಇಲ್ಲ."

ಇನ್ನೊಂದು ಲೋಟ ಹಾಕಲಾ ಅಕ್ಕಾ, ಎಂದೆ,
ಬಾಯಿತಪ್ಪಿ.
ಅವಳು ಓಗೊಟ್ಟಳು.