ನಾಲ್ಕನೇ ರೀಲು

ಆಲ್ವಿನ್ ಕ್ರೆಸ್ ಎಂಬವನು ಮಾಡಿದ್ದು
ಒಟ್ಟು ಮೂರೂವರೆ ಚಿತ್ರ.
ಅದರಲ್ಲೊಂದು, ಹೇಗೋ ಏನೋ, ಹಡಗು ಹತ್ತಿ
ಮದರಾಸಿನಿಂದ ರೈಲಿನಲ್ಲಿ ಕುಂಬಳೆಗೆ ಬಂತು.
ತಗಡಿನ ಡಬ್ಬಿ ಏಳಿರಬೇಕಿತ್ತು, ಆರಿತ್ತು.

ಪೋಕರ್ ಸಾಯ್ಬರ ಟೆಂಟು, ಸ್ಟೇಷನ್ನಿನ ಪಡುವಕ್ಕೆ, ಹೊಯಿಗೆಯಲ್ಲಿ.
ನೆಲಕ್ಕೆ ಒಂದಾಣೆ, ಬೆಂಚಿಗೆ ಎರಡು.
ಪರದೆಯ ಮೇಲಿನ ಅಕ್ಷರ ಊರಲ್ಲಿ ಯಾರಿಗೂ ಬಾರದ್ದು.
ಅರ್ಥ ಹೇಳಲು ಕರೆಸಿದರು
ತಾಳಮದ್ದಳೆಯ ತ್ಯಾಂಪಣ್ಣ ರೈಗಳನ್ನು;
ರಾತ್ರಿಗೆ ಎಂಟಾಣೆ, ಎಲೆಯಡಿಕೆ ಬೇರೆ.

"ಹೆಸರೆಂತ ಇವನದ್ದು?"
"ಗೊತ್ತಿಲ್ಲ."
"ಪ್ರಸಂಗ?"
"ಅದೂ ಗೊತ್ತಿಲ್ಲ. ಸುರು ಮಾಡಿ."

ಹ್ಯಾಂಡಲು ತಿರುಗಿತು. ಬಿಳಿ ಮುಖ, ಕಪ್ಪು ತುಟಿ,
ಬಾಯಿ ತೆರೆದರೆ ದಡಕ್ಕೆ ಬಿದ್ದ ಬಂಗುಡೆಯ ಹಾಗೆ.
ರೈಗಳು ಒಮ್ಮೆ ಕೆಮ್ಮಿದರು, ಶಾಲು ಸರಿಮಾಡಿಕೊಂಡರು,
ಅವನೊಳಗೆ ಇಳಿದರು.

ಸಾಲ ಕೊಟ್ಟವನೆದುರು ಅವನು ಮಲಯಾಳದಲ್ಲಿ ಅಂಗಲಾಚಿದ,
ಹುಡುಗಿಯ ಕೈಹಿಡಿದು ತುಳುವಿನಲ್ಲಿ ತೊದಲಿದ,
ಕಟಕಟೆ ಹತ್ತಿದ ಮೇಲೆ ಕನ್ನಡ.
ಎಂಥ ಕನ್ನಡ! ಬಂದೋಬಸ್ತಿಗೆ ಬಂದ ಪೇದೆ
ಬೆಲ್ಟು ಸಡಿಲಿಸಿ ಅತ್ತನಂತೆ.
ಕಡಲಗಾಳಿಗೆ ಪರದೆ ಉಬ್ಬಿದಾಗೆಲ್ಲ
ಅವನ ಕೆನ್ನೆಯೂ ಉಬ್ಬುತ್ತಿತ್ತು;
"ನೋಡಿ, ದುಃಖ ಗಂಟಲಿಗೆ ಬಂದದ್ದು" ಎಂದರು ರೈಗಳು.
ಗಾಳಿಯನ್ನೂ ಬಿಡಲಿಲ್ಲ ಆ ಮನುಷ್ಯ.

ಮೂರರ ನಂತರ ಐದು.
ಮೂರರ ಕೊನೆಗೆ ಬಾಗಿಲ ಬಳಿ ನಿಂತವನಿಗೆ
ಐದರ ಮೊದಲಿಗೆ ತಲೆ ನರೆತಿತ್ತು.
ಸಾಯ್ಬರು ದೀಪ ಆರಿಸಿ ತಲೆಗೆ ಕೈಹೊತ್ತು ಕೂತರು.
ಆ ಕತ್ತಲಲ್ಲಿ ರೈಗಳು ಮಾತಾಡಿದರು.
ಕಾಲು ಗಂಟೆ.
ಮದ್ದಳೆಯಿಲ್ಲ, ಭಾಗವತರಿಲ್ಲ, ಚಿತ್ರವೂ ಇಲ್ಲ.
ತಾಯಿಗೆ ಬರೆದು ಅಂಚೆಗೆ ಹಾಕದ ಕಾಗದ,
ಹಿಮ ಎಂಬ ಯಾರೂ ಕಾಣದ ವಸ್ತು
(ಹೊಯಿಗೆಯ ಹಾಗೆ, ಆದರೆ ತಣ್ಣಗೆ, ಆದರೆ ಮೇಲಿನಿಂದ),
ಬೀಳುತ್ತಲೇ ಇತ್ತು, ಬೀಳುತ್ತಲೇ.
ಮುಂದಿನ ಸಾಲಿನವರು ಸೆರಗು ಹೊದ್ದುಕೊಂಡರು.

ಆಮೇಲೆ ಮೈಕು ಬಂತು.
ಬರ್ಲಿನ್ನಿನಲ್ಲಿ ಅವನನ್ನು ಅದರ ಮುಂದೆ ನಿಲ್ಲಿಸಿದರು:
ತೆಳು ಸ್ವರ, ಹಳ್ಳಿಯ ರಾಗ.
ಅರ್ಧ ಚಿತ್ರಕ್ಕೇ ಸಾಕು ಎಂದರು.
ನನಗೆ ಸಿಕ್ಕ ಹಳೆಯ ಪಟ್ಟಿಯಲ್ಲಿ
ಹುಟ್ಟಿದ ಇಸವಿ ಇದೆ, ಒಂದು ಗೆರೆ ಇದೆ,
ಗೆರೆಯಾಚೆ ಪ್ರಶ್ನೆಚಿಹ್ನೆ.

ಕುಂಬಳೆಗೂ ಬಂತು ಮಾತಾಡುವ ಚಿತ್ರ.
ರೈಗಳು ಎರಡಾಣೆ ಕೊಟ್ಟು ಬೆಂಚಿನಲ್ಲಿ ಕೂತರು.
ಪರದೆಯವ ಬಾಯಿ ತೆರೆದಾಗ ಇವರೂ ತೆರೆದರು.
ಹಿಂದಿನಿಂದ ಯಾರೋ "ಶ್ಶ್" ಎಂದರು.

ಬೀಡಿ ಕಟ್ಟುವ ಕೊರಪೊಳಕ್ಕನಿಗೆ ತೊಂಬತ್ತು ಹತ್ತಿರ.
ನಾಲ್ಕನೇ ರೀಲು ಇರಲೇ ಇಲ್ಲ ಅಂದರೆ ಸಿಟ್ಟಾಗುತ್ತಾಳೆ:
"ಈ ಕಣ್ಣಿಂದ ಕಂಡಿದ್ದೇನೆ. ಅವನ ತಾಯಿಯ ಸೀರೆ ನೀಲಿ."

ಅವನ ಸ್ವರ ಹೇಗಿತ್ತಕ್ಕಾ, ನೆನಪುಂಟಾ?
ನೂಲು ಕಚ್ಚಿ ತುಂಡರಿಸಿ ಹೇಳಿದಳು:
"ದಪ್ಪ ಸ್ವರ.
ಸ್ವಲ್ಪ ಎಲೆಯಡಿಕೆ ಬಾಯಿ."