ಹರಿ

ಕೌಲ್ ಬಜಾರಿನ ಹಿಂದಿನ ಗಲ್ಲಿಯಲ್ಲಿ
ಬೆಳಕು ಹರಿಯುವ ಮೊದಲೇ ಟೇಬಲ್ಲಿಗೆ ಕೂರುತ್ತೇವೆ
ನಾನು, ಹುಸೇನ್‌ಬಿ, ಮತ್ತೆ ರೂಪನಗುಡಿಯಿಂದ ಬರುವ ಹುಡುಗಿ,
ಹರಿಯುವುದಕ್ಕೆ.

ಹೊಚ್ಚ ಹೊಸ ಪ್ಯಾಂಟು, ಇನ್ನೂ ಗಂಜಿಯ ವಾಸನೆ.
ಮೊಣಕಾಲಿನ ಹತ್ತಿರ ಸೀಮೆಸುಣ್ಣದ ಗುರುತು.
ಬ್ಲೇಡಿನಿಂದ ಅಡ್ಡ ನಾಕು ಗೆರೆ.
ಹಾಸು ನೀಲಿ, ಹೊಕ್ಕು ಬಿಳಿ.
ಹಾಸನ್ನು ಕೀಳಬೇಕು, ಹೊಕ್ಕನ್ನು ಬಿಡಬೇಕು,
ಬಡವರ ಮನೆಯ ಕಿಟಕಿ ಪರದೆಯ ಹಾಗೆ
ಒಳಗಿನದು ಅರೆಬರೆ ಕಾಣಬೇಕು.
ಇದಕ್ಕೆ ಡ್ಯಾಮೇಜ್ ಅಂತ ಹೆಸರು.
ಒಂದು ಡ್ಯಾಮೇಜಿಗೆ ಮೂರೂವರೆ ರೂಪಾಯಿ.

ಅವ್ವ ಇದೇ ಗಲ್ಲಿಯಲ್ಲಿ ಹೊಲಿಗೆಗೆ ಕೂತಿದ್ದಾಗ
ಡ್ಯಾಮೇಜ್ ಅಂದರೆ
ಶನಿವಾರದ ಬಟವಾಡೆಯಲ್ಲಿ ಮುರಿದುಕೊಂಡ ದುಡ್ಡು.
ಒಮ್ಮೆ ಕತ್ತರಿ ಜಾರಿ ಮೊಣಕಾಲು ಸೀಳಿತ್ತು,
ಆ ವಾರ ನಮ್ಮ ಒಲೆಯ ಮೇಲೆ ಒಗ್ಗರಣೆ ಸದ್ದು ಇರಲಿಲ್ಲ.
ಅದೇ ಜಾಗ, ಅಷ್ಟೇ ಉದ್ದದ ಸೀಳು,
ಈಗ ಮೇಸ್ತ್ರಿ ಗಾದಿಲಿಂಗ ಕನ್ನಡಕ ಮೇಲೆತ್ತಿ ನೋಡಿ
‘ಹಾಂ, ಇದು ಕರೆಕ್ಟ್’ ಅನ್ನುತ್ತಾನೆ.

ಹುಸೇನ್‌ಬಿ ಎಲೆ ಮಡಿಚುತ್ತ ಹೇಳುತ್ತಾಳೆ:
‘ಕೌಲಂದ್ರೆ ಮಾತವ್ವ. ಕೊಟ್ಟ ಮಾತು.’
ಹಾಗಾದರೆ ಇದು ಮಾತಿನ ಬಜಾರು.
ಯಾರು ಯಾರಿಗೆ ಏನು ಕೊಟ್ಟಿದ್ದರೋ,
ಈಗ ಅದು ಕರೆಂಟು ಬಿಲ್ಲಿನ ಮೇಲಿನ ವಿಳಾಸ,
ಆಟೋದವರ ಕೂಗು.
ಮುರಿದಿದೆಯೋ ನಡೆದಿದೆಯೋ ಕೇಳುವವರಿಲ್ಲ.

ಚಿಕ್ಕವಳಿದ್ದಾಗ ಒಂದು ಸಂಜೆ
ಹೊಲಿಗೆ ಮಷೀನಿನ ಕೊನೆಯ ಕಂತು ಕಟ್ಟಿ ಬಂದ ಅವ್ವ
ಹೊಸಿಲ ಮೇಲೇ ಕುಸಿದು ಕೂತು
‘ಹರೀತವ್ವ ಇವತ್ತಿಗೆ’ ಅಂದಳು.
ನಾನು ಸೂಜಿಗೆ ದಾರ ಪೋಣಿಸಿ ಓಡಿ ಬಂದು
ಅವಳ ಸೀರೆಯ ಸೆರಗು, ನೆರಿಗೆ, ಅಂಚು ಎಲ್ಲ ತಡಕಿದೆ.
ಎಲ್ಲೂ ಹರಿದಿರಲಿಲ್ಲ.
ಅವಳು ಅವತ್ತು ನಕ್ಕ ಹಾಗೆ
ಮತ್ತೆ ನಕ್ಕದ್ದು ನನಗೆ ನೆನಪಿಲ್ಲ.

ಹೋದ ತಿಂಗಳು ಡಬ್ಬಿ ಮರೆತೆನೆಂದು ತಂದುಕೊಟ್ಟವಳು
ಟೇಬಲ್ಲಿನ ಹತ್ತಿರ ನಿಂತಳು.
ಒಂದನ್ನು ಕೈಗೆತ್ತಿಕೊಂಡು
ಬಿಳಿ ಎಳೆಗಳ ಮೇಲೆ ಬೆರಳಾಡಿಸಿ
ಮೆಲ್ಲಗೆ ಸೂಜಿ ಕೇಳಿದಳು.
ಎಲ್ಲರೂ ನಕ್ಕೆವು. ನಾನೇ ಜೋರು.

ನಾವು ರೊಟ್ಟಿ ಮುರಿದು ಕೈ ತೊಳೆದು ಬರುವಷ್ಟರಲ್ಲಿ
ಅವಳು ಹೊರಟುಹೋಗಿದ್ದಳು.
ರಫೂ ಮಾಡಿಟ್ಟಿದ್ದಳು, ಎಳೆಗೆ ಎಳೆ,
ನೀಲಿಗೆ ನೀಲಿ ಹುಡುಕಿ,
ಬಟ್ಟೆಗೇ ಮರೆತುಹೋಗುವ ಹಾಗೆ.
ಗಾದಿಲಿಂಗ ಬೆಳಕಿಗೆ ಹಿಡಿದು ಎರಡು ಸಲ ನೋಡಿದ.
‘ಇದರಾಗ ಡ್ಯಾಮೇಜ್ ಎಲ್ಲೈತಿ?’
ರಿಜೆಕ್ಟ್ ರಾಶಿಗೆ ಎಸೆದ.
ಶನಿವಾರ ನನ್ನ ಲೆಕ್ಕದಲ್ಲಿ ಮುರಿದುಕೊಂಡ.

ಮುರಿದುಕೊಂಡ ಮೇಲೆ ಅದು ನನ್ನದೇ ತಾನೆ?
ಮನೆಗೆ ತಂದೆ.
ಹಿತ್ತಲ ಮೋರಿಯಲ್ಲಿ ವಾಷಿಂಗ್ ಯೂನಿಟ್ಟಿನ ನೀಲಿ ನೀರು
ಯಾರ ಅಪ್ಪಣೆಯೂ ಬೇಡದೆ ಹರಿಯುತ್ತಿತ್ತು.
ತಮ್ಮ ಪ್ಯಾಂಟು ಕೊಡವಿ, ತಿರುವಿ, ಗೂಟಕ್ಕೆ ಹಾಕಿಬಿಟ್ಟ:
‘ಎಲ್ಲೂ ಹರಿದಿಲ್ಲ, ಇದನ್ನ ಯಾರು ಹಾಕ್ಕಂತಾರ?’

ಅವ್ವ ಒಂದು ಗಳಿಗೆ ಸುಮ್ಮನಿದ್ದಳು.
ಆಮೇಲೆ ತಾನೇ ಬ್ಲೇಡು ತಂದು ನನ್ನ ಕೈಗಿಟ್ಟಳು.
‘ಹರಿದು ಕೊಡವ್ವ, ಹಾಕ್ಕಳ್ಳಿ.’

ದಿನಕ್ಕೆ ಎಪ್ಪತ್ತು ಹರಿಯುವ ಕೈ.
ಮೊಣಕಾಲು ಸವರಿದೆ, ಒಳಮಗ್ಗುಲು ಮಾಡಿ ಸವರಿದೆ,
ಮುಖಕ್ಕೆ ಹತ್ತಿರ ಹಿಡಿದೆ.
ಎಲ್ಲಿ ಹರಿದಿದ್ದೆನೋ ಆ ಜಾಗ ಸಿಗಲೊಲ್ಲದು.
ಬೇರೆ ಕಡೆ ಹರಿಯಬಹುದಿತ್ತು.
ಕೈ ಬರಲಿಲ್ಲ.

ಅಷ್ಟರಲ್ಲಿ ಕರೆಂಟು ಹೋಯಿತು.
ಕತ್ತಲಲ್ಲಿ ನನ್ನ ಬೆರಳ ಸಂದಿಯಿಂದ
ಬ್ಲೇಡು ತೆಗೆದುಕೊಂಡು ಅವ್ವ ಅಂದಳು:
‘ಇರ್ಲಿ ಬಿಡು.
ಬೆಳಕ ಹರೀಲಿ.’